ಸಿಗಡಿ ದೊಡ್ಡದು ಮಾಡ್ರಿ

ಕರೆಗಂಟೆ ಆದ ಕೂಡಲೇ ನಾನು ಬನಿಯನ್ನಿನಲ್ಲೇ ಬಾಗಿಲಿಗೆ ಓಡಿದೆ. ಹೈಸ್ಕೂಲಿನಲ್ಲಿ ವಿಜ್ಞಾನ ಪಾಠ ಮಾಡಿ ನಿವೃತ್ತನಾದ, ಅರವತ್ತೊಂದು ತುಂಬಿದ ಮನುಷ್ಯ ಹೀಗೆಲ್ಲ ಓಡಬಾರದು, ಒಪ್ಪುತ್ತೇನೆ. ಆದರೆ ನಾಲ್ಕು ದಿನದಿಂದ ಮೊಬೈಲಿನಲ್ಲಿ ‘ನಿಮ್ಮ ವಸ್ತು ಹುಬ್ಬಳ್ಳಿ ತಲುಪಿದೆ’, ‘ನಿಮ್ಮ ವಸ್ತು ದಾವಣಗೆರೆ ತಲುಪಿದೆ’ ಎಂದು ಓದಿ ಓದಿ ನನಗೆ ಜ್ವರ ಬಂದಂತಾಗಿತ್ತು. ರಟ್ಟಿನ ಡಬ್ಬಿಯನ್ನು ಎದೆಗವಚಿಕೊಂಡು ತಂದು ಪಡಸಾಲೆಯ ನಡುವೆ ಇಟ್ಟೆ.

ನನ್ನ ಹೆಂಡತಿ ಸುಮಂಗಲ ಅಡುಗೆಮನೆಯಿಂದ ಬಂದು ನೋಡಿದಳು. ಡಬ್ಬಿಯ ಮೇಲೆ ಒಂದು ಬಣ್ಣದ ಚಿತ್ರವಿತ್ತು. ಮೂರು ಕಾಲಿನ ಕರಿ ತಗಡಿನ ಒಲೆ, ಅದರ ಮೇಲೆ ಕಂಬಿ, ಕಂಬಿಯ ಮೇಲೆ ಸಾಲಾಗಿ ಮಲಗಿದ ಕೋಳಿ ಕಾಲುಗಳು.

“ಏನ್ರೀ ಇದು? ದೇವ್ರ ಕೋಣೆ ಎದುರಿಗೆ ಕೋಳಿ ಕಾಲು ತಂದು ಇಟ್ಟೀರಲ್ಲ!”

“ಕೋಳಿ ಚಿತ್ರದಾಗೆ ಮಾತ್ರ ಐತೆ ಕಣೆ. ಒಳಗೆ ಬರೀ ತಗಡು.”

ಅವಳು ಒಳಗೆ ಹೋದಳು. ಹೋದ ವರ್ಷದ ಕ್ಯಾಲೆಂಡರಿನ ಒಂದು ಹಾಳೆ ಹರಿದು ತಂದು, ಅನ್ನದ ಅಗುಳು ಹಚ್ಚಿ, ಕೋಳಿಗಳ ಮೇಲೆ ಅಂಟಿಸಿದಳು. ಹೀಗೆ ನಮ್ಮ ಮನೆಗೆ ಬಾರ್ಬೆಕ್ಯೂ ಎಂಬುದು ಶುದ್ಧ ಸಸ್ಯಾಹಾರಿಯಾಗಿ ಪ್ರವೇಶ ಮಾಡಿತು.

ಬಾರ್ಬೆಕ್ಯೂ ಅಂತೆ! ತಗಡನ್ನು ಬಿಚ್ಚಿ ಜೋಡಿಸುತ್ತಾ ಹೋದಂತೆ ನನಗೆ ನಗು ತಡೆಯಲಾಗಲಿಲ್ಲ. ಇದು ನಮ್ಮ ಹಳೇ ಇದ್ದಿಲೊಲೆ, ಸಿಗಡಿಯಲ್ಲದೆ ಮತ್ತೇನು? ಲೋಕವೆಲ್ಲ ಈಗ ಹೊಸದಾಗಿ ಕಂಡುಹಿಡಿದಂತೆ ಬಯಲಿನಲ್ಲಿ ಇದ್ದಿಲು ಹಾಕಿ, ಫೋಟೋ ತೆಗೆದು ಸಂಭ್ರಮಿಸುತ್ತಿದೆಯಲ್ಲ, ಆ ಕೆಲಸ ನಮ್ಮ ವಿನೋಬನಗರದ ಸಾಲುಮನೆಗಳ ಮುಂದೆ ದಿನಾ ಸಂಜೆ ನಡೆಯುತ್ತಿತ್ತು. ಯಾರೂ ಫೋಟೋ ತೆಗೆಯಲಿಲ್ಲ, ಅಷ್ಟೆ.

ಇದ್ದಿಲ ಚರಿತ್ರೆ ಕೇಳಿದರೆ ನನ್ನ ಹತ್ತಿರ ಒಂದು ಸಿದ್ಧಾಂತವಿದೆ. ಮೊದಲ ಮನುಷ್ಯನಿಗೆ ಕಾಡುಕಿಚ್ಚು ಆರಿದ ಮೇಲೆ ಬೂದಿಯಲ್ಲಿ ಕೈಯಾಡಿಸುವಾಗ ಒಂದು ಗೆಣಸು ಸಿಕ್ಕಿರಬೇಕು. ಬಾಯಿ ಸುಟ್ಟುಕೊಂಡು ತಿಂದಿರಬೇಕು. ತಿಂದವನು ಹೆಂಡತಿಗೆ ಹೇಳಿರಬೇಕು, ಅವಳು ‘ನಾನು ಆಗಲೇ ಹೇಳಿದ್ದೆ’ ಅಂದಿರಬೇಕು. ಅಲ್ಲಿಂದ ಇಲ್ಲಿಯವರೆಗೆ ದೊಡ್ಡ ಬದಲಾವಣೆಯೇನೂ ಆಗಿಲ್ಲ. ಸೌದೆಯನ್ನು ಗಾಳಿ ತಾಗದಂತೆ ಮಣ್ಣಿನಡಿ ಬೇಯಿಸಿ ಅದರ ನೀರು, ಹೊಗೆ ಎಲ್ಲ ಕಳೆದರೆ ಉಳಿಯುವುದೇ ಇದ್ದಿಲು, ಆದ್ದರಿಂದ ಅದು ಸದ್ದಿಲ್ಲದೆ ಉರಿಯುತ್ತದೆ ಎಂದು ಎಷ್ಟೋ ವರ್ಷ ಕರಿಹಲಗೆಯ ಮೇಲೆ ಬರೆದು ತೋರಿಸಿದ್ದೇನೆ. ಬರೆದವನಿಗೆ ಒಂದು ಸಿಗಡಿ ಹೊತ್ತಿಸಲು ಬರುತ್ತಿರಲಿಲ್ಲ ಎಂಬುದು ಮಕ್ಕಳಿಗೆ ಗೊತ್ತಿರಲಿಲ್ಲ.

ಹೊತ್ತಿಸುತ್ತಿದ್ದವಳು ಅಕ್ಕ. ಗಿರಿಜಕ್ಕ, ನನಗಿಂತ ಒಂಬತ್ತು ವರ್ಷ ದೊಡ್ಡವಳು. ಅಪ್ಪ ಹತ್ತಿ ಗಿರಣಿಯಲ್ಲಿ ಕೆಲಸಕ್ಕಿದ್ದರು. ಸಂಜೆ ಗಿರಣಿ ಕೂಗಿತೆಂದರೆ ಸಿಗಡಿ ಹೊತ್ತಿಸುವ ಹೊತ್ತು. ಹಳೇ ಬಕೆಟ್ಟಿಗೆ ಒಳಗಿನಿಂದ ಜೇಡಿಮಣ್ಣು ಮೆತ್ತಿ, ನಡುವೆ ಕಬ್ಬಿಣದ ಸರಳು ಇಟ್ಟು, ಕೆಳಗೆ ಗಾಳಿಗೊಂದು ಬಾಯಿ ಕೊರೆದರೆ ಅದೇ ಸಿಗಡಿ. ಗಿರಣಿಯ ಕೂಗಿಗೆ ನಮ್ಮ ಓಣಿಯ ಅಷ್ಟೂ ಮನೆಗಳಿಂದ ಹೆಂಗಸರು ಒಬ್ಬೊಬ್ಬರೇ ಬಕೆಟ್ ಹಿಡಿದು ಹೊರಬರುತ್ತಿದ್ದರು. ಹೊಗೆ ಹೋಗುವತನಕ ಕಟ್ಟೆಯ ಮುಂದೆಯೇ ಇಟ್ಟು ಗಾಳಿ ಬೀಸಬೇಕು. ಬೀಸುತ್ತಾ ಮಾತು, ಮಾತಿನ ನಡುವೆ ಕೆಮ್ಮು. ಕೆಂಡ ಕೆಂಪಾಗಿ ಹೊಗೆ ನಿಂತ ಮೇಲೆ ಬಟ್ಟೆ ಹಿಡಿದು ಒಳಗೊಯ್ಯಬೇಕು. ಆದರೆ ಬೇಸಿಗೆಯಲ್ಲಿ ಯಾರೂ ಒಳಗೆ ಒಯ್ಯುತ್ತಿರಲಿಲ್ಲ. ಸಾರು, ಪಲ್ಯ, ರೊಟ್ಟಿ ಎಲ್ಲ ಅಲ್ಲೇ ಕಟ್ಟೆಯ ಮೇಲೆ. ಬದನೆಕಾಯಿ ಸುಡುವ ದಿನವಂತೂ ಊಟವೂ ಅಲ್ಲೇ.

ಆ ಕಟ್ಟೆಯ ಮೇಲೆ ಕೂತು ಅಕ್ಕ ಮಾಡುತ್ತಿದ್ದ ಒಂದು ಚಮತ್ಕಾರವಿತ್ತು. ಕಣ್ಣು ಮುಚ್ಚಿ ಓಣಿಯ ಅಡುಗೆಗಳನ್ನು ಹೇಳುವುದು. “ಮೂರನೇ ಮನ್ಯಾಗೆ ಇವತ್ತು ಹುಳಿಗೆ ಬೆಲ್ಲ ಜಾಸ್ತಿ ಬಿದ್ದೈತೆ.” ನಾನು ಓಡಿಹೋಗಿ ಕೇಳಿಕೊಂಡು ಬರುತ್ತಿದ್ದೆ. ಬಿದ್ದಿರುತ್ತಿತ್ತು. ಒಮ್ಮೆ ನಾನು ವಿಜ್ಞಾನದ ಕುತೂಹಲದಿಂದ ನನ್ನ ರಬ್ಬರನ್ನು ಸಿಗಡಿಯೊಳಗೆ ಹಾಕಿ ಏನಾಗುತ್ತದೆ ಎಂದು ನೋಡುತ್ತಿದ್ದೆ. ಅಕ್ಕ ಓಣಿಯ ತುದಿಯ ನಲ್ಲಿಯ ಬಳಿ ಇದ್ದಳು. ಕೊಡ ಅಲ್ಲೇ ಬಿಟ್ಟು ಬಂದು ನನ್ನ ಬೆನ್ನಿಗೆ ಎರಡು ಕೊಟ್ಟಮೇಲೆಯೇ ಏನು ಸುಡುತ್ತಿದ್ದೀಯ ಎಂದು ಕೇಳಿದ್ದು. ನನ್ನ ಮೊದಲ ಪ್ರಯೋಗದ ಫಲಿತಾಂಶ ಅದು.

ಇನ್ನೊಂದು ವಿಷಯ ಹೇಳಬೇಕು, ಇಲ್ಲದಿದ್ದರೆ ಅಕ್ಕನ ಮೂಗಿನ ಬೆಲೆ ನಿಮಗೆ ತಿಳಿಯುವುದಿಲ್ಲ. ನಮ್ಮ ಅವ್ವನ ಅಡುಗೆಮನೆಯಲ್ಲಿ ಲಿಂಗಕ್ಕೆ ತೋರಿಸುವ ಮೊದಲು ಯಾವುದನ್ನೂ ಬಾಯಿಗಿಡುವಂತಿರಲಿಲ್ಲ. ಎಂದರೆ ಉಪ್ಪು ನೋಡುವ ಪದ್ಧತಿಯೇ ಇಲ್ಲ. ಅಕ್ಕ ಉಪ್ಪನ್ನೂ ಮೂಗಿನಿಂದಲೇ ನೋಡುತ್ತಿದ್ದಳು. ಕಾಲೇಜು ಮೆಟ್ಟಿಲು ಹತ್ತಿದ ಹೊಸದರಲ್ಲಿ ನಾನು ಅವಳಿಗೆ, ಉಪ್ಪಿಗೆ ವಾಸನೆಯೇ ಇಲ್ಲ, ಇದು ಸಾಧ್ಯವಿಲ್ಲ ಎಂದು ವಾದ ಮಾಡಿದ್ದೆ. “ಉಪ್ಪು ಬಿದ್ದ ಸಾರು ಸುಮ್ಮಗಿರತೈತೆ ಕಣೋ. ಬೀಳದಿದ್ದದ್ದು ಹಸಿ ಹಸಿ ಅಂತೈತೆ” ಎಂದಿದ್ದಳು. ಇದಕ್ಕೆ ಉತ್ತರ ನನ್ನ ಪುಸ್ತಕದಲ್ಲಿರಲಿಲ್ಲ, ಈಗಲೂ ಇಲ್ಲ.

ಮದುವೆಯಾಗಿ ಹರಿಹರಕ್ಕೆ ಹೋದ ಮೇಲೂ ಆ ಮೂಗು ನಮ್ಮನ್ನು ಸಾಕಿತು. ಪ್ರತಿ ಬೇಸಿಗೆ ಅವಳು ಮಸಾಲೆ ಖಾರ ಮಾಡುತ್ತಿದ್ದಳು. ತನ್ನ ಮನೆಗೆ, ನಮ್ಮ ಮನೆಗೆ, ತನ್ನ ಇಬ್ಬರು ಹೆಣ್ಣುಮಕ್ಕಳ ಮನೆಗೆ. ನಾಲ್ಕು ಮನೆಗೆ ಒಂದು ವರ್ಷಕ್ಕಾಗುವಷ್ಟು. ಹಿತ್ತಲಲ್ಲಿ ಇದ್ದಿಲ ಸಿಗಡಿ ಹೂಡಿ, ಕೊತ್ತಂಬರಿ ಬೀಜ, ಕೊಬ್ಬರಿ, ಚಕ್ಕೆ, ಲವಂಗ ಒಂದೊಂದನ್ನೇ ಹುರಿಯುವಾಗ ಬಾಣಲೆ ನೋಡುತ್ತಿರಲಿಲ್ಲ, ಎತ್ತಲೋ ನೋಡುತ್ತಿದ್ದಳು. ‘ಸಾಕು’ ಎಂದಳೆಂದರೆ ಸಾಕು. ಒಂದು ಚಿಟಿಕೆ ಹೊತ್ತು ಆಚೆ ಈಚೆ ಆಗುವಂತಿಲ್ಲ.

ಕೊರೊನಾ ಜ್ವರ ಬಂದಾಗ ಆ ಮೂಗು ಹೋಯಿತು. ಎಲ್ಲರಿಗೂ ಹೋದದ್ದು ತಿಂಗಳೊಪ್ಪತ್ತಿನಲ್ಲಿ ಬಂತು. ಅಕ್ಕನದು ಬರಲಿಲ್ಲ. ಪರಿಚಯದ ವಾಸನೆಗಳನ್ನು ದಿನವೂ ಮೂಸುತ್ತಿರಿ ಎಂದು ವೈದ್ಯರು ಹೇಳಿದರು. ಲವಂಗ ಮೂಸಿದಳು, ಲಿಂಬೆಹಣ್ಣು ಮೂಸಿದಳು. “ಕಲ್ಲು ಮೂಸಿದಂಗೆ ಆಗತೈತೆ” ಎಂದು ಬಿಟ್ಟುಬಿಟ್ಟಳು. ಆಮೇಲೆ ಒಂದು ದಿನ ಮನೆಗೆ ಬಂದ ಸ್ವಾಮಿಗಳಿಗೆ ಅವಳು ಬಡಿಸಿದ ಸಾರು ಹಳಸಿತ್ತು. ಸೊಸೆ ಮೆಲ್ಲಗೆ ಪಾತ್ರೆ ಎತ್ತಿಕೊಂಡು ಒಳಗೆ ಹೋದಳು, ಒಳ್ಳೆಯ ಹುಡುಗಿ, ಯಾರಿಗೂ ತಿಳಿಯಬಾರದೆಂದೇ ಹೋದಳು. ಆದರೆ ಅಕ್ಕ ನೋಡಿಬಿಟ್ಟಳು. ಅಂದಿನಿಂದ ಅವಳು ಒಲೆಯ ಮುಂದೆ ನಿಂತಿಲ್ಲ. ಮೂರು ಬೇಸಿಗೆ ಖಾರವೂ ಆಗಿಲ್ಲ. ಅಂಗಡಿಯ ಪುಡಿಯಲ್ಲಿ ಊಟ ಸಾಗುತ್ತಿದೆ, ಆದರೆ ನನಗೆ ದುಃಖ ಊಟದ್ದಲ್ಲ. ಅಕ್ಕ ಊಟಕ್ಕೆ ಕೂತಾಗ ಔಷಧಿ ನುಂಗುವವಳ ಹಾಗೆ ನುಂಗುತ್ತಾಳೆ. ಅದನ್ನು ನನ್ನಿಂದ ನೋಡಲಾಗುವುದಿಲ್ಲ.

ಈಗ ನನ್ನ ಓಟದ ಕಾರಣ ನಿಮಗೆ ತಿಳಿಯಿತಲ್ಲ? ಭಾನುವಾರ ಅಕ್ಕ ಬರುವವಳಿದ್ದಳು. ಲವಂಗದಿಂದ ಬಾರದ ಮೂಗು ಕೆಂಡದ ಮೇಲಿನ ಬದನೆಕಾಯಿಗೆ ಬಂದೀತು ಎಂದು ನನ್ನ ತಲೆಗೆ ಹೊಳೆದುಬಿಟ್ಟಿತ್ತು. ಅವಳ ಮೂಗು ಕಲಿತದ್ದು ಸಿಗಡಿಯ ಮುಂದೆ. ಕಲಿತ ಶಾಲೆಗೇ ಕರೆದುಕೊಂಡು ಹೋದರೆ ಪಾಠ ನೆನಪಾಗದೆ ಇರುತ್ತದೆಯೇ? ಮೇಷ್ಟ್ರ ಬುದ್ಧಿ ನೋಡಿ.

ಶನಿವಾರ ತಾಲೀಮು ಮಾಡಿದೆ. ತಾರಸಿಯ ಮೇಲೆ ಮೂರು ಕಾಲಿನ ಸಿಗಡಿ ನಿಲ್ಲಿಸಿ, ಇದ್ದಿಲು ತುಂಬಿ, ಕರ್ಪೂರ ಹಚ್ಚಿದೆ. ಕರ್ಪೂರ ಉರಿದು ಮುಗಿಯಿತು, ಇದ್ದಿಲು ಕದಲಲಿಲ್ಲ. ಹಳೇ ಪೇಪರು ತುರುಕಿದೆ. ತೆಂಗಿನ ನಾರು ಹಾಕಿದೆ. ಹೊಗೆ ಎದ್ದಿತು ನೋಡಿ, ಪಕ್ಕದ ಮನೆಯವರು ಒಣಗಲು ಹಾಕಿದ್ದ ಬಟ್ಟೆಗಳನ್ನು ಬಿದ್ದೆನೋ ಎದ್ದೆನೋ ಎಂದು ಒಳಗೆ ಎಳೆದುಕೊಂಡರು. ಸುಮಂಗಲ ಮೆಟ್ಟಿಲ ಮೇಲೆ ನಿಂತು, “ಆಮ್ಲಜನಕ ಕಮ್ಮಿ ಆಗಿರಬೇಕು ನೋಡ್ರಿ ಮೇಷ್ಟ್ರೆ” ಎಂದಳು. ಮೂವತ್ತೈದು ವರ್ಷ ಸಂಸಾರ ಮಾಡಿದವಳಿಗೆ ಎಲ್ಲಿ ಚುಚ್ಚಬೇಕೆಂದು ಗೊತ್ತಿರುತ್ತದೆ.

ಕೊನೆಗೆ ನಮ್ಮ ಓಣಿಯ ತಿರುವಿನಲ್ಲಿರುವ ಇಸ್ತ್ರಿ ಅಂಗಡಿಗೆ ಹೋದೆ. ಊರಿನಲ್ಲಿ ದಿನಾ ಇದ್ದಿಲು ಹೊತ್ತಿಸುವವನು ನನಗೆ ಗೊತ್ತಿದ್ದಂತೆ ಅವನೊಬ್ಬನೇ. ಹನುಮಂತಪ್ಪ ನನ್ನ ಹಳೆಯ ವಿದ್ಯಾರ್ಥಿ, ಹತ್ತನೇ ಕ್ಲಾಸಿನಲ್ಲಿ ವಿಜ್ಞಾನದಲ್ಲಿ ನಪಾಸಾದವನು. ನಪಾಸು ಮಾಡಿದವನು ನಾನೇ. ನನ್ನ ಕಥೆ ಕೇಳಿ ಅವನು ಇಸ್ತ್ರಿ ಪೆಟ್ಟಿಗೆಯನ್ನು ನಿಲ್ಲಿಸಿ ಇಟ್ಟು ಬಹಳ ಗೌರವದಿಂದ ನಕ್ಕ.

“ಸಾರ್, ನೀವು ಇದ್ದಲು ಒತ್ತಿ ತುಂಬೀರಿ. ಸಂದು ಬಿಡಬೇಕ್ರಿ. ತಳದಾಗೆ ಎರಡು ಕೆಂಡ ಇಟ್ಟು ಸುಮ್ನೆ ಕುಂತ್ಕಳ್ರಿ. ಅಂಚು ಬೆಳ್ಳಗಾಗಾತನಕ ಬೀಸಬ್ಯಾಡ್ರಿ.”

“ಸುಮ್ನೆ ಕೂಡೋದಾ? ಎಷ್ಟು ಹೊತ್ತು?”

“ಪರೀಕ್ಷೆ ಬರಿಯಾಕೆ ನಮಗೆ ಎಷ್ಟು ಹೊತ್ತು ಕೊಡ್ತಿದ್ರಿ ಸಾರ್, ಅಷ್ಟು.”

ಭಾನುವಾರ ಸಂಜೆ ಅವನೇ ತನ್ನ ಪೆಟ್ಟಿಗೆಯಿಂದ ನಾಲ್ಕು ಕೆಂಡಗಳನ್ನು ತಗಡಿನ ಮೇಲೆ ಹಾಕಿಕೊಟ್ಟ. ಅದನ್ನು ಹಿಡಿದು ಓಣಿಯಲ್ಲಿ ನಡೆದು ಬರುವಾಗ ನನಗೆ ಎಂಥ ಉತ್ಸಾಹ ಬಂತೆಂದರೆ, ಎದುರಾದವರಿಗೆಲ್ಲ “ಅಕ್ಕ ಬಂದಾಳೆ!” ಎಂದು ಕೇಳದಿದ್ದರೂ ಹೇಳಿದೆ.

ನಮ್ಮ ಮಗಳಿಗೆ ಅಂದು ಏನೋ ತರಬೇತಿಯಿತ್ತು, ಅಳಿಯ ಪ್ರಕಾಶ ಮಾತ್ರ ಬಂದಿದ್ದರು. ಮೈಸೂರಿನ ಕಡೆಯವರು, ಗುತ್ತೂರಿನ ಹತ್ತಿರದ ಕಾರ್ಖಾನೆಯಲ್ಲಿ ಯಂತ್ರಗಳ ರಿಪೇರಿ ನೋಡಿಕೊಳ್ಳುತ್ತಾರೆ. ಹೇಳಿದ್ದನ್ನು ಹೇಳಿದ ಹಾಗೆ, ಇನ್ನಷ್ಟು ಚೆನ್ನಾಗಿ ಮಾಡುವ ಮನುಷ್ಯ. ಬರುವಾಗ ಹರಿಹರದಿಂದ ಅಕ್ಕನನ್ನೂ ಕರೆದುಕೊಂಡು ಬಂದಿದ್ದರು. ಬಂದವರೇ ಅಲ್ಲಾಡುತ್ತಿದ್ದ ಸಿಗಡಿಯ ಕಾಲಿಗೆ ಒಂದು ತಿರುಪುಮೊಳೆ ಹಾಕಿ ಬಿಗಿಮಾಡಿದರು.

ಹನುಮಂತಪ್ಪನ ವಿದ್ಯೆ ಸುಳ್ಳಾಗಲಿಲ್ಲ. ಸಂದು ಬಿಟ್ಟು ಜೋಡಿಸಿ, ತಳಕ್ಕೆ ಕೆಂಡ ಇಟ್ಟು, ಕೈಗಳನ್ನು ತೊಡೆಯ ಕೆಳಗೆ ಒತ್ತಿಕೊಂಡು ಕೂತೆ. ಅಂಚು ಬೆಳ್ಳಗಾಯಿತು. ಒಂದರಿಂದ ಒಂದಕ್ಕೆ ಕೆಂಪು ಹರಡಿತು. ಹೊಗೆಯಿಲ್ಲ, ಸದ್ದಿಲ್ಲ. ಅಯ್ಯೋ, ನಾನು ಹೊತ್ತಿಸಿದೆ! ಎದ್ದು ಒಂದು ಸುತ್ತು ತಿರುಗಿದೆ.

ನೀರಿನ ಟ್ಯಾಂಕಿನ ನೆರಳಿಗೆ ಕುರ್ಚಿ ಹಾಕಿ ಅಕ್ಕನನ್ನು ಕೂರಿಸಿದೆವು. ಮೊದಲು ಮೆಕ್ಕೆಜೋಳದ ತೆನೆ ಇಟ್ಟೆ. ಕಾಳು ಚಟಪಟ ಎಂದು ಹಾರಿ ನನ್ನ ಹಣೆಗೆ ಬಡಿಯಿತು. ಚಿಕ್ಕಂದಿನಲ್ಲಿ ಸಾರಥಿ ಹಳ್ಳಿಯ ಸೋದರಮಾವನ ಹೊಲದಲ್ಲಿ ಎಳೆ ಜೋಳದ ತೆನೆಯನ್ನು ಬೆರಣಿಯ ಕೆಂಡದಲ್ಲಿ ಸುಟ್ಟು, ಅಂಗೈಯಲ್ಲಿ ತಿಕ್ಕಿ, ಬೆಲ್ಲದ ಜೊತೆ ತಿಂದು ಹೊಟ್ಟೆನೋವು ಬರಿಸಿಕೊಂಡದ್ದನ್ನು ನೆನಪಿಸಿದೆ. ಅಕ್ಕ ನಕ್ಕಳು. “ನಿನಗೆ ಹೊಟ್ಟೆನೋವು, ಬೈಗುಳ ನನಗೆ.” ಮುಖದಲ್ಲಿ ಕಳೆ ಇತ್ತು. ನಾನು ತೆನೆಯನ್ನು ಅವಳ ಮೂಗಿನ ಹತ್ತಿರ ಹಿಡಿದೆ.

“ಬಿಸಿ ಐತೆ” ಎಂದಳು.

“ಮತ್ತೆ?”

“ಮತ್ತೇನಿಲ್ಲ ಕಣೋ.”

ಇರಲಿ, ಅದು ಪೀಠಿಕೆ. ಬದನೆಕಾಯಿಗೆ ಎಣ್ಣೆ ಸವರಿ, ಚಾಕುವಿನಿಂದ ಚುಚ್ಚಿ ಇಟ್ಟೆ. ಸಿಪ್ಪೆ ಸುಕ್ಕಾಗಿ, ಕಪ್ಪಾಗಿ, ಬಿರುಕಿನಿಂದ ರಸ ಕೆಂಡಕ್ಕೆ ಬಿದ್ದು ಚುಂಯ್ ಎಂದಾಗ ಎದ್ದ ಆ ಪರಿಮಳಕ್ಕೆ ನನಗೆ ಐವತ್ತು ವರ್ಷ ಕಡಿಮೆಯಾದಂತಾಯಿತು. ಅಳಿಯ ಕಣ್ಣು ಮುಚ್ಚಿ ಉಸಿರೆಳೆದುಕೊಂಡರು. ಕೆಳಗಿನಿಂದ ಸುಮಂಗಲ, “ಏನ್ ಘಮಘಮ ಅಂತೈತ್ರೀ!” ಎಂದು ಕೂಗಿದಳು. ಪಕ್ಕದ ಮನೆಯವರೂ ಈ ಸಲ ಬಟ್ಟೆ ತೆಗೆಯದೆ ಇಣುಕಿ ನೋಡಿದರು. ಅಕ್ಕ ಎದ್ದು ಬಂದು ಸಿಗಡಿಯ ಮೇಲೆ ಬಾಗಿದಳು. ಸೆರಗು ಹಿಂದಕ್ಕೆ ಹಿಡಿದು, ಕಣ್ಣು ಮುಚ್ಚಿ, ಉದ್ದಕ್ಕೆ ಉಸಿರು ಎಳೆದಳು. ಮತ್ತೊಮ್ಮೆ ಎಳೆದಳು.

ಅವಳು ಕಣ್ಣು ಬಿಟ್ಟು ನನ್ನ ಮುಖ ನೋಡಿದಳು. ನನ್ನನ್ನು ನೋಯಿಸಬಾರದೆಂದು ಸುಳ್ಳು ಹೇಳಲೇ ಬೇಡವೇ ಎಂದು ಅವಳು ಯೋಚಿಸುವುದು ನನಗೆ ಕಾಣುತ್ತಿತ್ತು.

“ಚನ್ನಾ, ಇದೆಲ್ಲ ನನಗೋಸ್ಕರ ಮಾಡೀಯ ಅಂತ ಬಂದ ಕೂಡ್ಲೆ ತಿಳೀತು. ಬ್ಯಾಡ ಬಿಡೋ. ಹೋದದ್ದು ಹೋತು. ಎಷ್ಟು ದಿನ ಅಂತ ಮೂಸೋದು?”

ಹಾಗೆಂದು ಮೆಟ್ಟಿಲ ಪಕ್ಕದ ಕಂಬಿ ಹಿಡಿದು ಮೆಲ್ಲಗೆ ಇಳಿದು ಹೋದಳು. ನನ್ನ ಉತ್ಸಾಹವೆಲ್ಲ ಜರ್ರನೆ ಇಳಿಯಿತು. ಸುಟ್ಟ ಬದನೆಕಾಯಿಗಳನ್ನು ತಟ್ಟೆಗೆ ತೆಗೆದೆ. ಕಂಬಿಯ ಮೇಲೆ ಇನ್ನೆರಡು ಅರೆಬೆಂದವು ಉಳಿದಿದ್ದವು. ಅವು ಅಲ್ಲೇ ಬೂದಿಯ ಬಿಸಿಗೆ ಬೆಂದುಕೊಳ್ಳಲಿ ಎಂದುಕೊಂಡೆ. ಅಳಿಯನಿಗೆ, “ಸಾಕ್ರಿ. ಇನ್ನ ಸಿಗಡಿ ದೊಡ್ಡದು ಮಾಡಿ ಬರ್ರಿ” ಎಂದು ಹೇಳಿ ಅಕ್ಕನ ಹಿಂದೆ ಇಳಿದೆ.

ಇಲ್ಲಿ ಒಂದು ಮಾತು. ನಮ್ಮ ಅವ್ವ ‘ಆರಿಸು’ ಎಂಬ ಮಾತನ್ನು ಬಾಯಿಂದ ಆಡಿದವಳಲ್ಲ. ಅರಿಶಿನ ಮುಗಿದರೆ ‘ಡಬ್ಬಿ ತುಂಬೈತೆ’ ಎನ್ನುತ್ತಿದ್ದಳು, ಹೊರಟರೆ ‘ಬರ್ತೀನಿ’. ದೀಪ ಆರಿಸುವುದಕ್ಕೆ ‘ದೊಡ್ಡದು ಮಾಡು’ ಎನ್ನುವುದು ಬಹಳ ಮನೆಗಳಲ್ಲಿದೆ. ನಮ್ಮ ಅವ್ವ ಅದನ್ನು ಸಿಗಡಿಗೂ ಹಚ್ಚಿಬಿಟ್ಟಿದ್ದಳು. ಅನ್ನ ಕೊಡುವ ಬೆಂಕಿ ದೀಪಕ್ಕಿಂತ ಕಡಿಮೆಯೇನಲ್ಲ ಎಂದು ಅವಳ ಲೆಕ್ಕ. ‘ಸಿಗಡಿ ದೊಡ್ಡದು ಮಾಡು’ ಎಂದರೆ ಕೆಂಡಗಳನ್ನು ಇಕ್ಕಳದಿಂದ ಬಿಡಿಸಿ, ಮೇಲೆ ಬೂದಿ ಎಳೆದು ಮಲಗಿಸುವುದು. ನನಗೆ ನಾಲಿಗೆಯಲ್ಲಿ ಅದೇ ಬಂತು. ಅಳಿಯ ಮೈಸೂರಿನ ಕಡೆಯವರು, ಯಂತ್ರದ ಮನುಷ್ಯ ಎಂಬುದು ತಲೆಗೆ ಬರಲಿಲ್ಲ.

ಕೆಳಗೆ ಪಡಸಾಲೆಯಲ್ಲಿ ಸುಮಂಗಲ ಚಹಾ ಇಟ್ಟಿದ್ದಳು. ಕಿಟಕಿಗಳು ಮುಚ್ಚಿದ್ದವು, ಸೊಳ್ಳೆ ಬರುವ ಹೊತ್ತು. ಅಕ್ಕ ಲೋಟ ಕೈಗೆತ್ತಿಕೊಂಡಳು. ಆಮೇಲೆ ಸುಮಂಗಲೆಗೆ ಹೇಳತೊಡಗಿದಳು.

“ನೋಡು ಸುಮಾ, ಮಸಾಲೆ ಖಾರದ್ದು ಅಳತೆ ಎಲ್ಲ ಹೇಳ್ತೀನಿ, ಬರಕೋ. ನನ್ನ ಸೊಸಿಗೂ ಹೇಳೀನಿ. ಇನ್ನ ನೀವು ನೀವೇ ಮಾಡ್ಕಳ್ರಿ. ನಾನು ಆ ಕೆಲ್ಸಕ್ಕೆ ಇನ್ನ ಬರಂಗಿಲ್ಲ.”

ಸುಮಂಗಲ ನನ್ನ ಕಡೆ ನೋಡಿದಳು. ಏಳಲಿಲ್ಲ, ಪೆನ್ನು ತರಲಿಲ್ಲ. ನಾನು ಚಹಾ ಕುಡಿದೆ. ಚಹಾಕ್ಕೆ ಸಕ್ಕರೆ ಬಿದ್ದಿರಲಿಲ್ಲ, ಅದು ತಿಳಿದದ್ದು ಲೋಟ ಮುಗಿದ ಮೇಲೆ.

“ಕೊತ್ತಂಬ್ರಿ ಎರಡು ಸೇರು” ಎಂದಳು ಅಕ್ಕ. “ಕೊಬ್ರಿ...” ಎಂದವಳು ಅಲ್ಲಿಗೇ ನಿಂತಳು. ಕತ್ತು ಸ್ವಲ್ಪ ಮೇಲೆತ್ತಿದಳು. ಹುಬ್ಬು ಗಂಟಾಯಿತು.

“ಏನೋ ಸೀದೈತೆ.”

ನಾನು ಮೂಸಿದೆ. ಏನೂ ಇರಲಿಲ್ಲ. ಸುಮಂಗಲ ಅಡುಗೆಮನೆಗೆ ಹೋಗಿ ಒಲೆ ನೋಡಿಬಂದಳು. ಗ್ಯಾಸು ಬಂದ್ ಆಗಿತ್ತು. ಅವಳು ಬಾಗಿಲಲ್ಲಿ ನಿಂತು ತಲೆಯಾಡಿಸಿದಳು. ಆಗ ನಮ್ಮಿಬ್ಬರಿಗೂ ಒಟ್ಟಿಗೇ ತಿಳಿಯಿತು, ಅಕ್ಕ ಈಗ ಏನು ಹೇಳಿದಳು ಎಂದು.

“ಅಕ್ಕಾ, ಏನಂದಿ?”

“ಕಿವಿ ಕೇಳಲ್ವೇನೋ? ಸೀದೈತೆ ಅಂದೆ! ಮ್ಯಾಲೆ ಸೀದೈತೆ! ಬದ್ನೆಕಾಯಿ ಹಾಗೇ ಬಿಟ್ಟು ಬಂದೀಯ? ಏಳು, ಏನ್ ನನ್ನ ಮುಖ ನೋಡ್ತೀಯ!”

ಅವಳೇ ಮೊದಲು ಎದ್ದಳು. ಎಪ್ಪತ್ತು ವರ್ಷದ ಮಂಡಿನೋವಿನ ಹೆಂಗಸು ನಮ್ಮ ಮನೆಯ ಮೆಟ್ಟಿಲನ್ನು ಹಾಗೆ ಹತ್ತಿದ್ದನ್ನು ನಾನು ನೋಡಿರಲಿಲ್ಲ. ಮೇಲೆ ಹೋದರೆ ಏನು ನೋಡುವುದು! ಅಳಿಯ ಪಾಕೀಟಿನಲ್ಲಿ ಉಳಿದ ಅಷ್ಟೂ ಇದ್ದಿಲನ್ನು ಸಿಗಡಿಗೆ ಸುರಿದಿದ್ದರು. ಮೆಟ್ಟಿಲ ಬಳಿಯ ಪ್ಲಗ್ಗಿನಿಂದ ಉದ್ದನೆಯ ವೈರು ಎಳೆದು, ಟೇಬಲ್ ಫ್ಯಾನು ತಂದು, ಸಿಗಡಿಯ ಬಾಯಿಗೆ ಹಿಡಿದು ಮೂರನೇ ನಂಬರಿಗೆ ಇಟ್ಟಿದ್ದರು. ಬೆಂಕಿ ಸೊಂಟದೆತ್ತರ ನಾಲಿಗೆ ಚಾಚುತ್ತಿತ್ತು. ಬದನೆಕಾಯಿಗಳು ಇದ್ದಿಲಾಗಿ, ಇದ್ದಿಲು ಯಾವುದು ಬದನೆಕಾಯಿ ಯಾವುದು ಹೇಳಲಾಗುತ್ತಿರಲಿಲ್ಲ. ಮೊಳೆ ಹಾಕಿದ ಕಾಲು ಮಾತ್ರ ಗಟ್ಟಿಯಾಗಿ ನಿಂತಿತ್ತು. ಅಳಿಯ ಬೆವರು ಒರೆಸಿಕೊಳ್ಳುತ್ತಾ ಹೆಮ್ಮೆಯಿಂದ ತಿರುಗಿದರು.

“ಮಾವ, ಇಷ್ಟು ಸಾಕಾ? ಇನ್ನೂ ದೊಡ್ಡದು ಮಾಡ್ಲಾ?”

ಸುಮಂಗಲ ಪಾಪ, ಬಾಯಿಗೆ ಸೆರಗು ಒತ್ತಿಕೊಂಡು ಮೆಟ್ಟಿಲ ಮೇಲೇ ಕೂತುಬಿಟ್ಟಳು. ನಾನು ಫ್ಯಾನು ಆರಿಸಿ ಅರ್ಥ ವಿವರಿಸಿದೆ. “ದೀಪಕ್ಕೆ ಹಂಗಂತಾರೆ ಅಂತ ನಮ್ಮ ಕಡೇನೂ ಇದೆ ಮಾವ, ಇದ್ದಿಲಿಗೂ ಅಂತಾರೆ ಅಂತ ಯಾರಿಗೆ ಗೊತ್ತು?” ಎಂದರು. ನ್ಯಾಯದ ಮಾತು. ಆದರೆ ಅಕ್ಕ ಇದ್ಯಾವುದನ್ನೂ ಕೇಳುತ್ತಿರಲಿಲ್ಲ. ಅವಳು ಬೆಂಕಿ ತಗ್ಗುವುದನ್ನೇ ಕಾಯುತ್ತಾ ನಿಂತಿದ್ದಳು. ತಗ್ಗಿದ ಮೇಲೆ ಇಕ್ಕಳದಿಂದ ಒಂದು ಕರಿಬದನೆ ಎತ್ತಿ ಮೂಗಿಗೆ ಹಿಡಿದಳು.

“ಬರೇ ಸೀದದ್ದು ಬರತೈತೆ. ಬದ್ನೆಕಾಯಿದು ಬರಲ್ದು” ಎಂದಳು. ಸ್ವಲ್ಪ ಹೊತ್ತು ಹಾಗೇ ಹಿಡಿದಿದ್ದಳು. ಮುಖದಲ್ಲಿ ಭಯವೂ ಇತ್ತು, ಆಸೆಯೂ ಇತ್ತು. ಆಮೇಲೆ ಸುಮಂಗಲೆಯ ಕಡೆ ತಿರುಗಿ, “ಸುಮಾ, ಮನ್ಯಾಗೆ ಕೊಬ್ರಿ ಐತಾ?” ಎಂದು ಕೇಳಿದಳು.

ಮಸಾಲೆ ಖಾರದಲ್ಲಿ ಕೊಬ್ಬರಿಯೇ ಕಷ್ಟದ್ದು. ಅದು ಕೆಂಪಾಗುವುದಕ್ಕೂ ಕಪ್ಪಾಗುವುದಕ್ಕೂ ನಡುವೆ ಉಸಿರಾಡುವಷ್ಟು ಹೊತ್ತೂ ಇರುವುದಿಲ್ಲ. ಅಕ್ಕ ಕುರ್ಚಿಯನ್ನು ಸಿಗಡಿಗೆ ಬೆನ್ನು ಮಾಡಿ ಹಾಕಿಸಿಕೊಂಡು ಕಣ್ಣು ಮುಚ್ಚಿ ಕೂತಳು. “ಕಂಬಿ ಮ್ಯಾಲೆ ಒಂದು ಚೂರು ಇಡು. ನಾನು ಹೇಳಿದ ಕೂಡ್ಲೆ ತೆಗೀಬೇಕು. ನೀನಾಗಿ ತೆಗೀಬ್ಯಾಡ.”

ಮೊದಲ ಚೂರು ಇಟ್ಟೆ. ಕೆಂಪಾಯಿತು, ಕಪ್ಪಾಯಿತು, ಅಕ್ಕ ಹೇಳಲಿಲ್ಲ. ಹೊಗೆ ಬಂದ ಮೇಲೆ, “ಹೋತು, ಸೀದೋತು” ಎಂದಳು. ಎರಡನೆಯದೂ ಸೀದಿತು. ಆದರೆ ಈ ಸಲ ಸ್ವಲ್ಪ ಮೊದಲೇ ಹೇಳಿದಳು. ನಾನು ಏನಾದರೂ ಸಮಾಧಾನ ಹೇಳಬೇಕೆಂದು ಬಾಯಿ ತೆರೆದೆ. “ಮಾತಾಡಬ್ಯಾಡ. ಇಡು ಇನ್ನೊಂದು” ಎಂದಳು.

ಮೂರನೆಯದು ಇಟ್ಟೆ. ಅಳಿಯ ಕೈಕಟ್ಟಿ, ಕಾರ್ಖಾನೆಯಲ್ಲಿ ಯಂತ್ರ ಚಾಲೂ ಆಗುವುದನ್ನು ಕಾಯುವಂತೆ ನಿಂತಿದ್ದರು. ಬಿಳಿ ಕೊಬ್ಬರಿ ಬೆವರಿತು. ಎಣ್ಣೆ ಒಂದು ಹನಿ ಕೆಂಡಕ್ಕೆ ಬಿತ್ತು.

“ತೆಗಿ.”

ನಾನು ನಿಂತಲ್ಲೇ ನಿಂತಿದ್ದೆ.

“ತೆಗಿಯೋ ಅಂದ್ರೆ! ಕೆಂಪಾತು!”

ತೆಗೆದೆ. ಅಂಚಿನ ಸುತ್ತ ಮಾತ್ರ ಕೆಂಪಾಗಿತ್ತು, ನಡುವೆ ಜೇನಿನ ಬಣ್ಣ. ಚಿಕ್ಕಂದಿನಲ್ಲಿ ಅವಳು ನನ್ನ ಕೈಗೆ ಹಾಕುತ್ತಿದ್ದ ಚೂರಿನ ಬಣ್ಣವೇ ಅದು. ತಟ್ಟೆಯನ್ನು ಅವಳ ಮುಂದೆ ಹಿಡಿದೆ. ಅವಳು ಅದನ್ನು ನೋಡಿದಳು, ಮುಟ್ಟಲಿಲ್ಲ. ಕಣ್ಣಲ್ಲಿ ನೀರು ತುಂಬಿತ್ತು, ಹೊಗೆಯದು ಎಂದು ಅವಳು ಹೇಳಲೂ ಇಲ್ಲ.

ವಿಜ್ಞಾನ ಕಲಿಸಿದವನು ನಾನು. ಒಂದು ಸಲ ಸರಿ ಬಂದದ್ದು ಪುರಾವೆಯಲ್ಲ ಎಂದು ನನಗೆ ಗೊತ್ತು. ಅರವತ್ತು ವರ್ಷದ ಅಭ್ಯಾಸದಿಂದ ಮನಸ್ಸಿನಲ್ಲೇ ಹೊತ್ತು ಎಣಿಸಿ ಹೇಳಿರಬಹುದು. ನಾಲ್ಕನೆಯ ಚೂರು ಕೈಯಲ್ಲಿ ಹಿಡಿದು, “ಅಕ್ಕಾ, ಇನ್ನೊಂದು ಸಲ...” ಎಂದೆ.

“ನನಗೇ ಪರೀಕ್ಷೆ ಮಾಡ್ತೀಯೇನೋ?” ಎಂದು ಚೂರು ಕಿತ್ತುಕೊಂಡು ಸುಮಂಗಲೆಯ ಕೈಗೆ ಕೊಟ್ಟಳು. ಮೂಗನ್ನು ಸೆರಗಿನಿಂದ ಗಟ್ಟಿಯಾಗಿ ಒರೆಸಿಕೊಂಡು ಎದ್ದು ನಿಂತಳು.

“ಸುಮಾ, ಬ್ಯಾಡಗಿ ಮೆಣಸಿನಕಾಯಿ ಎಷ್ಟೆಷ್ಟು ಬೇಕು ಅಂತ ನಾಲ್ಕೂ ಮನಿಗೆ ಕೇಳು. ತರಾಕೆ ಪ್ಯಾಟಿಗೆ ನೀನು ನಾನು ಹೋಗಣ. ಇವನ್ನ ಕಳಿಸಬ್ಯಾಡ, ಇವನಿಗೆ ಮೂಗಿಲ್ಲ.”